ಬೆಂಚಿನ ಮೇಲೆ ಕೂತವನ ಕಣ್ಣು

ಶೆಟ್ಟಿಹಳ್ಳಿಯಿಂದ ಅಂಡರ್‌ಪಾಸ್ ದಾಟಿ ತುಮಕೂರು ಪೇಟೆ ಕಡೆ ಬರುವಾಗ, ಸಂಜೆ ಹೊತ್ತಾದರೆ, ದಾರಿಯಲ್ಲಿ ಎಲ್ಲಿ ಚೆಂಡು ಪುಟಿಯುವ ಸದ್ದು ಕೇಳಿದರೂ ನನ್ನ ಕಾಲು ನಿಂತುಬಿಡುತ್ತದೆ. ಹೋದ ವಾರವೂ ಹಾಗೇ ಆಯಿತು. ಸಿಮೆಂಟು ಕಿತ್ತುಹೋದ ಕೋರ್ಟು, ಬಲೆಯಿಲ್ಲದ ರಿಂಗು, ಏಳೆಂಟು ಹುಡುಗರು. ಒಬ್ಬ ಚೆಂಡನ್ನು ಬುಟ್ಟಿಗೆ ಹಾಕಿದ. ಹಾಕಿದವನು ಕುಣಿಯಲಿಲ್ಲ, ಎದೆ ತಟ್ಟಿಕೊಳ್ಳಲಿಲ್ಲ. ಹಿಂದಕ್ಕೆ ಓಡುತ್ತಲೇ, ತನಗೆ ಪಾಸ್ ಕೊಟ್ಟ ಕುಳ್ಳ ಹುಡುಗನತ್ತ ಬೆರಳು ತೋರಿಸಿದ. ಎಲ್ಲೋ ವಿಡಿಯೊದಲ್ಲಿ ನೋಡಿ ಕಲಿತದ್ದಿರಬೇಕು. ಆ ಬೆರಳು ಎಲ್ಲಿಂದ ಬಂತೆಂದು ಅವನಿಗೆ ಗೊತ್ತಿರಲಾರದು. ಆದರೆ ಅದು ಬಂದದ್ದು ಯಾರಿಂದ ಎಂದು ಹೇಳದೆ ಈ ವಾರದ ಅಂಕಣ ಮುಂದೆ ಹೋಗದು.

ಅಮೆರಿಕದ ನಾರ್ತ್ ಕ್ಯಾರೊಲಿನಾ ವಿಶ್ವವಿದ್ಯಾಲಯದ ಬ್ಯಾಸ್ಕೆಟ್‌ಬಾಲ್ ತಂಡಕ್ಕೆ 36 ವರ್ಷ ಕೋಚ್ ಆಗಿದ್ದ ಡೀನ್ ಸ್ಮಿತ್ ತಮ್ಮ ಹುಡುಗರಿಗೆ ಇದನ್ನು ನಿಯಮವನ್ನಾಗಿ ಮಾಡಿದ್ದರು. ಬುಟ್ಟಿ ಹಾಕಿದವನು ಪಾಸ್ ಕೊಟ್ಟವನನ್ನು ತೋರಿಸಲೇಬೇಕು. ಚಪ್ಪಾಳೆ ಯಾರಿಗೆ ಸಲ್ಲಬೇಕೋ ಅವರಿಗೆ ಸಲ್ಲಲಿ ಎಂದು.

ಸ್ಮಿತ್ ಹುಟ್ಟಿದ್ದು 1931ರಲ್ಲಿ, ಕ್ಯಾನ್ಸಸ್ ರಾಜ್ಯದ ಎಂಪೋರಿಯಾ ಎಂಬ ಊರಿನಲ್ಲಿ. ತಂದೆ ತಾಯಿ ಇಬ್ಬರೂ ಶಾಲಾ ಶಿಕ್ಷಕರು. ತಂದೆ ಆಲ್ಫ್ರೆಡ್ ಅದೇ ಊರಿನ ಹೈಸ್ಕೂಲ್ ತಂಡದ ಕೋಚ್. 1949ರಲ್ಲಿ ಮಗ ಕ್ಯಾನ್ಸಸ್ ವಿಶ್ವವಿದ್ಯಾಲಯ ಸೇರಿದ್ದು ಓದಿನ ಸ್ಕಾಲರ್‌ಶಿಪ್ ಮೇಲೆ, ಗಣಿತ ಕಲಿಯಲು. ಬ್ಯಾಸ್ಕೆಟ್‌ಬಾಲ್ ತಂಡಕ್ಕೂ ಸೇರಿದ. 1952ರಲ್ಲಿ ಆ ತಂಡ ರಾಷ್ಟ್ರೀಯ ಚಾಂಪಿಯನ್ ಆಯಿತು. ಆದರೆ ಸ್ಮಿತ್‌ಗೆ ಅಂಗಳಕ್ಕಿಳಿಯುವ ಅವಕಾಶ ಸಿಗುತ್ತಿದ್ದದ್ದು ಅಪರೂಪ. ಹೆಚ್ಚು ಹೊತ್ತು ಬೆಂಚೇ ಗತಿ.

ಆ ಬೆಂಚು ಸಾಮಾನ್ಯದ್ದಲ್ಲ. ತಂಡದ ಕೋಚ್ ಫಾಗ್ ಅಲೆನ್. ಅಲೆನ್ ಅದೇ ವಿಶ್ವವಿದ್ಯಾಲಯದಲ್ಲಿ ಆಡಿದ್ದು ಜೇಮ್ಸ್ ನೈಸ್ಮಿತ್ ಕೈಕೆಳಗೆ. ನೈಸ್ಮಿತ್ ಎಂದರೆ 1891ರ ಡಿಸೆಂಬರಿನಲ್ಲಿ ಸ್ಪ್ರಿಂಗ್‌ಫೀಲ್ಡಿನ ವೈಎಂಸಿಎ ತರಬೇತಿ ಶಾಲೆಯಲ್ಲಿ, ಪೀಚ್ ಹಣ್ಣಿನ ಎರಡು ಬುಟ್ಟಿ ಕಟ್ಟಿ, 13 ನಿಯಮ ಬರೆದು ಈ ಆಟವನ್ನು ಹುಟ್ಟಿಸಿದವರೇ. ಆಟ ಹುಟ್ಟಿಸಿದ ಆ ಪುಣ್ಯಾತ್ಮರು ಕ್ಯಾನ್ಸಸ್ ಕೋಚ್ ಆಗಿ ಗೆದ್ದದ್ದು 55, ಸೋತದ್ದು 60. ಕಟ್ಟುವುದು ಬೇರೆ, ಕಲಿಸುವುದು ಬೇರೆ. ಆ ಎರಡನೆಯ ವಿದ್ಯೆ ಕುದುರಿದ್ದು ಅಲೆನ್ ಕೈಯಲ್ಲಿ. ಅಲೆನ್ ಬೆಂಚಿನಲ್ಲಿ 1920ರ ದಶಕದ ಆರಂಭದಲ್ಲಿ ಕೂತಿದ್ದ ಇನ್ನೊಬ್ಬ ಹುಡುಗ ಅಡಾಲ್ಫ್ ರಪ್. ಮುಂದೆ ಕೆಂಟಕಿಯಲ್ಲಿ 876 ಪಂದ್ಯ ಗೆದ್ದು ಕಾಲೇಜು ಆಟದ ದಾಖಲೆ ಬರೆದವರು ಅವರು. 1997ರಲ್ಲಿ ಆ ದಾಖಲೆ ಮುರಿದು 879ಕ್ಕೆ ನಿಂತವರು ಸ್ಮಿತ್. ಒಂದೇ ಗುರುವಿನ ಇಬ್ಬರು ಬೆಂಚಿನ ಹುಡುಗರು!

ಇದು ಕಾಕತಾಳೀಯ ಎಂದು ನಾನು ನಂಬುವುದಿಲ್ಲ. ಅಂಗಳದಲ್ಲಿರುವವನಿಗೆ ಚೆಂಡು ಕಾಣುತ್ತದೆ, ಎದುರಾಳಿ ಕಾಣುತ್ತಾನೆ. ಬೆಂಚಿನ ಮೇಲಿರುವವನಿಗೆ ಹತ್ತೂ ಮಂದಿ ಕಾಣುತ್ತಾರೆ. ಚೆಂಡಿಲ್ಲದವನು ಏನು ಮಾಡುತ್ತಿದ್ದಾನೆ, ಯಾರ ಉಸಿರು ಕಟ್ಟಿದೆ, ಯಾರು ಸುಮ್ಮನೆ ನಿಂತುಬಿಟ್ಟಿದ್ದಾರೆ, ಎಲ್ಲ ಕಾಣುತ್ತದೆ. ಜೊತೆಗೆ ಕೂತಿರುವವನ ಸಂಕಟವೂ ಗೊತ್ತಾಗುತ್ತದೆ. ಜಾನ್ ವುಡನ್ ಹಾಗೆ ಕಾಲೇಜಿನಲ್ಲಿ ತಾರೆಯಾಗಿ ಮೆರೆದೂ ದೊಡ್ಡ ಕೋಚ್ ಆದವರು ಇದ್ದಾರೆ, ನಿಜ. ಆದರೆ ಅವರೂ ಪ್ರತಿ ವರ್ಷ ಮೊದಲ ದಿನ ಕಲಿಸುತ್ತಿದ್ದದ್ದು ಕಾಲುಚೀಲವನ್ನು ಸುಕ್ಕಿಲ್ಲದಂತೆ ತೊಡುವುದನ್ನು, ಬೂಟಿನ ದಾರ ಕಟ್ಟುವುದನ್ನು. ಕಲಿಸುವವನು ಕೆಳಗಿಳಿದು ಬರಲೇಬೇಕು.

ಸ್ಮಿತ್ 1958ರಲ್ಲಿ ನಾರ್ತ್ ಕ್ಯಾರೊಲಿನಾಕ್ಕೆ ಸಹಾಯಕರಾಗಿ ಬಂದರು, 1961ರಲ್ಲಿ, ಮೂವತ್ತರ ಹರೆಯದಲ್ಲಿ, ಮುಖ್ಯ ಕೋಚ್ ಆದರು. ಮೊದಲ ವರ್ಷ 8 ಗೆಲುವು, 9 ಸೋಲು. 1965ರ ಜನವರಿಯಲ್ಲಿ ಒಂದು ಹೀನಾಯ ಸೋಲಿನ ನಂತರ ತಂಡದ ಬಸ್ಸು ಕ್ಯಾಂಪಸ್ಸಿಗೆ ಮರಳಿದಾಗ, ಸ್ವಂತ ವಿದ್ಯಾರ್ಥಿಗಳೇ ಅವರ ಪ್ರತಿಕೃತಿಯನ್ನು ಮರಕ್ಕೆ ನೇತುಹಾಕಿದ್ದರು. ಬಸ್ಸಿನಿಂದ ಇಳಿದು ಅದನ್ನು ಕಿತ್ತೆಸೆದವನು ತಂಡದ ಆಟಗಾರ ಬಿಲ್ಲಿ ಕನಿಂಗ್‌ಹ್ಯಾಮ್. ನಾಲ್ಕೇ ವರ್ಷದಲ್ಲಿ ಒಬ್ಬ ಕೋಚ್ ಏನು ಗಳಿಸಿದ್ದ ಎಂಬುದಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕೆ?

ಅವರ ಅಂಗಳದ ಕಟ್ಟಳೆಗಳನ್ನು ಓದಿದಾಗಲೆಲ್ಲ ನನಗೆ ಆ ಹಳೆಯ ಬೆಂಚು ನೆನಪಾಗುತ್ತದೆ. ಆಟಗಾರನಿಗೆ ಸುಸ್ತಾದರೆ ಮುಷ್ಟಿ ಎತ್ತಿ ತೋರಿಸಬಹುದು, ಕೋಚ್ ಅವನನ್ನು ಹೊರಗೆ ಕರೆಯುತ್ತಾರೆ. ಸುಧಾರಿಸಿಕೊಂಡ ಮೇಲೆ ಮತ್ತೆ ಒಳಗೆ ಹೋಗುವುದು ಅವನ ತೀರ್ಮಾನಕ್ಕೇ ಬಿಟ್ಟದ್ದು. ಸುಸ್ತನ್ನು ಮುಚ್ಚಿಟ್ಟು ಆಡುವುದು ಶೌರ್ಯವಲ್ಲ, ತಂಡಕ್ಕೆ ಮಾಡುವ ಅನ್ಯಾಯ. ಹೊರಗೆ ಬಂದವನಿಗೆ ಬೆಂಚಿನವರೆಲ್ಲ ಎದ್ದು ನಿಂತು ಚಪ್ಪಾಳೆ ತಟ್ಟಬೇಕು. ಕೊನೆಯ ವರ್ಷದವರ ಕೊನೆಯ ತವರಿನ ಪಂದ್ಯದಲ್ಲಿ ಆಟ ಶುರುಮಾಡುವವರು ಅವರೇ, ವರ್ಷವಿಡೀ ಬೆಂಚು ಕಾದವನೂ ಸೇರಿ. 1981ರಲ್ಲಿ ಸ್ಪೋರ್ಟ್ಸ್ ಇಲ್ಲಸ್ಟ್ರೇಟೆಡ್ ಪತ್ರಿಕೆ ಮುಖಪುಟಕ್ಕೆ ತಂಡದ ಮೊದಲ ಐವರ ಚಿತ್ರ ಕೇಳಿದಾಗ ಸ್ಮಿತ್ ನಾಲ್ವರನ್ನಷ್ಟೇ ಕಳಿಸಿದರು. ಐದನೆಯವನು ಮೊದಲ ವರ್ಷದ ಹುಡುಗ, ಇನ್ನೂ ಒಂದು ಪಂದ್ಯವನ್ನೂ ಆಡಿರಲಿಲ್ಲ. ಅವನ ಹೆಸರು ಮೈಕಲ್ ಜೋರ್ಡನ್.

ಮುಂದಿನ ಮಾರ್ಚಿನಲ್ಲಿ, ನ್ಯೂ ಆರ್ಲಿಯನ್ಸಿನಲ್ಲಿ, ಜಾರ್ಜ್‌ಟೌನ್ ವಿರುದ್ಧ ರಾಷ್ಟ್ರೀಯ ಚಾಂಪಿಯನ್‌ಶಿಪ್ ಫೈನಲ್. ಒಂದು ಅಂಕದ ಹಿನ್ನಡೆ, ಅರ್ಧ ನಿಮಿಷದಷ್ಟು ಆಟ ಬಾಕಿ. ಟೈಮ್‌ಔಟಿನಲ್ಲಿ ಸ್ಮಿತ್ ಬೆನ್ನು ತಟ್ಟಿ ಕಳಿಸಿದ್ದು ಅದೇ ಮೊದಲ ವರ್ಷದ ಹುಡುಗನನ್ನು. ಎಡಬದಿಯಿಂದ ಜೋರ್ಡನ್ ಹೊಡೆದ ಚೆಂಡು ಬುಟ್ಟಿ ಸೇರಿತು. 63-62. ಮುಖಪುಟಕ್ಕೆ ಬೇಡವೆಂದ ಹುಡುಗನ ಕೈಗೆ ಫೈನಲನ್ನೇ ಕೊಟ್ಟ ಆ ಕ್ಷಣವೇ ನನ್ನ ಮಟ್ಟಿಗೆ ಸ್ಮಿತ್ ಬದುಕಿನ ಅತ್ಯುತ್ತಮ ತೀರ್ಮಾನ. ಮುನ್ನಡೆ ಸಿಕ್ಕಾಗ ನಾಲ್ಕು ಮೂಲೆಗೆ ನಾಲ್ವರನ್ನು ನಿಲ್ಲಿಸಿ ಚೆಂಡನ್ನು ತಿರುಗಿಸುತ್ತ ಹೊತ್ತು ಕಳೆಯುವ ಅವರ ತಂತ್ರ ಮಾತ್ರ ನನಗೆ ಎಂದೂ ಹಿಡಿಸಿಲ್ಲ. ಇಂತಿಷ್ಟು ಸೆಕೆಂಡಿನೊಳಗೆ ಚೆಂಡನ್ನು ಬುಟ್ಟಿಗೆ ಎಸೆಯಲೇಬೇಕೆನ್ನುವ ಶಾಟ್ ಕ್ಲಾಕ್ ಕಾಲೇಜು ಆಟಕ್ಕೆ ಬರಲು ಅದೂ ಒಂದು ಕಾರಣ, ಬಂದದ್ದು ಒಳ್ಳೆಯದೇ ಆಯಿತು.

ತಂದೆ ಆಲ್ಫ್ರೆಡ್ 1934ರಲ್ಲಿ ಕಪ್ಪು ವರ್ಣದ ಹುಡುಗನೊಬ್ಬನನ್ನು ತಂಡಕ್ಕೆ ಸೇರಿಸಿಕೊಂಡು ರಾಜ್ಯ ಪ್ರಶಸ್ತಿ ಗೆದ್ದಿದ್ದರು. ಮಗ 1966ರಲ್ಲಿ ಚಾರ್ಲಿ ಸ್ಕಾಟ್‌ನನ್ನು ಕರೆತಂದರು. ಆ ವಿಶ್ವವಿದ್ಯಾಲಯದಲ್ಲಿ ಕ್ರೀಡಾ ಸ್ಕಾಲರ್‌ಶಿಪ್ ಪಡೆದ ಮೊದಲ ಕಪ್ಪು ವರ್ಣೀಯ ಆಟಗಾರ ಅವರು. ಕರಿಯರಿಗೆ ಎಲೆ ಹಾಕದ ಊರಿನ ಹೋಟೆಲಿಗೆ, ತಮ್ಮ ಚರ್ಚಿನ ಪಾದ್ರಿ ಮತ್ತು ಒಬ್ಬ ಕಪ್ಪು ವಿದ್ಯಾರ್ಥಿಯೊಡನೆ ಹೋಗಿ ಊಟಕ್ಕೆ ಕೂತು ಬಂದವರು ಸ್ಮಿತ್. ಆಗಿನ್ನೂ ಅವರಿಗೆ ಹೆಸರೂ ಇರಲಿಲ್ಲ, ಕುರ್ಚಿ ಭದ್ರವೂ ಆಗಿರಲಿಲ್ಲ.

ತಮ್ಮ ಕೈಕೆಳಗೆ ಆಡಿದ ಪ್ರತಿಯೊಬ್ಬರ ಹೆಸರು, ಅವರ ಹೆಂಡತಿ ಮಕ್ಕಳ ಹೆಸರು ಅವರ ನಾಲಗೆಯ ಮೇಲಿರುತ್ತಿತ್ತು. ಅಂಥವರನ್ನು ಕೊನೆಗಾಲದಲ್ಲಿ ಮರೆವಿನ ರೋಗ ಹಿಡಿಯಿತು. 2013ರಲ್ಲಿ ಅಮೆರಿಕದ ಅತ್ಯುನ್ನತ ನಾಗರಿಕ ಪದಕ ಸಂದಾಗ ಹೋಗಿ ಸ್ವೀಕರಿಸಿದವರು ಪತ್ನಿ. 2015ರ ಫೆಬ್ರುವರಿ 7ರಂದು ಸ್ಮಿತ್ ತೀರಿಕೊಂಡರು. ಮುಂದಿನ ತಿಂಗಳು ಅವರ ಹಳೆಯ ಆಟಗಾರರ ಮನೆಮನೆಗೆ ಅಂಚೆಯಲ್ಲಿ ಒಂದೊಂದು ಚೆಕ್ ಬಂತು. 200 ಡಾಲರ್. ಕೋಚ್ ಸ್ಮಿತ್ ಲೆಕ್ಕದಲ್ಲಿ ಹೊರಗೆ ಒಂದು ಊಟ ಮಾಡಿ ಎಂದು ಉಯಿಲಿನಲ್ಲಿ ಬರೆಸಿದ್ದರು. ಜೋರ್ಡನ್‌ಗೂ ಅಷ್ಟೇ, ಬೆಂಚು ಕಾದವನಿಗೂ ಅಷ್ಟೇ, ಸುಮಾರು 180 ಮಂದಿಗೆ. ಇದನ್ನು ಮೊದಲು ಓದಿದ ದಿನ ನಾನು ಪತ್ರಿಕೆಯನ್ನು ಮಡಿಸಿಟ್ಟು ಸ್ವಲ್ಪ ಹೊತ್ತು ಸುಮ್ಮನೆ ಕೂತಿದ್ದೆ.

ಆ ಗುರುಪರಂಪರೆಯ ಒಂದು ಕವಲು ನಮ್ಮ ಕಡೆಗೂ ಹರಿದಿದೆ. ನೈಸ್ಮಿತ್ ಪಾಠ ಹೇಳಿದ ಸ್ಪ್ರಿಂಗ್‌ಫೀಲ್ಡಿನಲ್ಲೇ ಕಲಿತ ಹ್ಯಾರಿ ಕ್ರೋ ಬಕ್ 1920ರಲ್ಲಿ ಮದರಾಸಿನಲ್ಲಿ ವೈಎಂಸಿಎ ದೈಹಿಕ ಶಿಕ್ಷಣ ಕಾಲೇಜು ತೆರೆದರು. ಅಲ್ಲಿ ಕಲಿತ ಡ್ರಿಲ್ ಮೇಷ್ಟ್ರುಗಳು ದಕ್ಷಿಣದ ಶಾಲೆ ಶಾಲೆಗೂ ಹೋದರು. 2017ರ ಜುಲೈನಲ್ಲಿ ಬೆಂಗಳೂರಿನ ಕಂಠೀರವ ಒಳಾಂಗಣ ಕ್ರೀಡಾಂಗಣದಲ್ಲಿ ಭಾರತದ ಹೆಣ್ಣುಮಕ್ಕಳು ಕಜಕಸ್ತಾನವನ್ನು 75-73ರಿಂದ ಸೋಲಿಸಿ ಏಷ್ಯಾ ಕಪ್‌ನ ಬಿ ವಿಭಾಗ ಗೆದ್ದರು. ತಂಡದಲ್ಲಿ ಕರ್ನಾಟಕದ ನವನೀತಾ ಇದ್ದರು. ಕೋಚ್ ಮಾತ್ರ ಸರ್ಬಿಯಾದಿಂದ ಬಂದ ಝೋರಾನ್ ವಿಸಿಚ್. ಆಡುವವರು ನಮ್ಮಲ್ಲಿದ್ದಾರೆ. ಕೊರತೆ ಇರುವುದು ಕಲಿಸುವವರದು.

ಆದ್ದರಿಂದ ನನ್ನ ಮಾತು ತುಮಕೂರು, ಗುಬ್ಬಿ, ಕುಣಿಗಲ್ ಕಾಲೇಜುಗಳ ತಂಡಗಳಲ್ಲಿ ಜೆರ್ಸಿ ತೊಟ್ಟೂ ಬೆಂಚಿನಲ್ಲಿ ಕೂತು ಬಂದ ಹುಡುಗ ಹುಡುಗಿಯರಿಗೆ. ಡಿಗ್ರಿ ಮುಗಿದ ದಿನ ಬೂಟು ಅಟ್ಟಕ್ಕೆ ಹಾಕಬೇಡಿ. ಪಟಿಯಾಲದ ರಾಷ್ಟ್ರೀಯ ಕ್ರೀಡಾ ಸಂಸ್ಥೆಯಲ್ಲಿ ಕೋಚ್ ಆಗುವವರಿಗೆ ಡಿಪ್ಲೊಮಾ ಇದೆ, ಆರು ವಾರದ ಸರ್ಟಿಫಿಕೇಟ್ ಕೋರ್ಸೂ ಇದೆ, ವಿಚಾರಿಸಿ. ಅಲ್ಲಿಯವರೆಗೆ ಕಾಯುವುದೂ ಬೇಡ. ನಾನು ಹೇಳಿದ ಕೋರ್ಟಿನಲ್ಲಿ ಆ ಏಳೆಂಟು ಹುಡುಗರು ದಿನಾ ಸಂಜೆ ಐದೂವರೆಗೆ ಬರುತ್ತಾರೆ. ಕಲಿಸಲು ಯಾರೂ ಬರುತ್ತಿಲ್ಲ.