ಮೆಲ್ಕಿಯಾದೆಸನ ಚರ್ಮಪತ್ರಗಳು

ಕೊಲಂಬಿಯಾ ದೇಶದ ಗಾಬ್ರಿಯೆಲ್ ಗಾರ್ಸಿಯಾ ಮಾರ್ಕೆಸರು ೧೯೬೭ರಲ್ಲಿ ಪ್ರಕಟಿಸಿದ ‘ನೂರು ವರ್ಷಗಳ ಏಕಾಂತ’ವೆಂಬ ಕಾದಂಬರಿಯೊಳಗೆ ಇನ್ನೊಂದು ಗ್ರಂಥವುಂಟು. ಜಿಪ್ಸಿ ಜನಾಂಗದ ಮೆಲ್ಕಿಯಾದೆಸನು ಮಕೊಂದೊ ಊರಿನ ಬುಯೆಂದಿಯ ವಂಶದ ವೃತ್ತಾಂತವನ್ನು, ಅದು ನಡೆಯುವುದಕ್ಕೆ ಮೊದಲೇ, ತನ್ನ ಮಾತೃಭಾಷೆಯಾದ ಸಂಸ್ಕೃತದಲ್ಲಿ ಚರ್ಮಪತ್ರಗಳ ಮೇಲೆ ಬರೆದಿಟ್ಟಿದ್ದಾನೆ. ನಮ್ಮ ವಾಚಕರಿಗೆ ಭಾಗವತದ ದ್ವಾದಶ ಸ್ಕಂಧವು ನೆನಪಿಗೆ ಬರುವುದು ಸಹಜ. ಅಲ್ಲಿಯೂ ಕಲಿಯುಗದ ಅರಸರ ಚರಿತ್ರೆಯು ಭವಿಷ್ಯತ್ಕಾಲದಲ್ಲಿ ನಿರೂಪಿತವಾಗಿದೆ. ಆದರೆ ಭೇದವೂ ದೊಡ್ಡದು. ಶುಕನು ಅರಸರನ್ನು ಒಬ್ಬರಾದ ಮೇಲೊಬ್ಬರಂತೆ ಹೇಳುತ್ತಾನೆ. ಮೆಲ್ಕಿಯಾದೆಸನು ಶತಮಾನದ ಸಂಗತಿಗಳೆಲ್ಲವೂ ಒಂದೇ ಕ್ಷಣದಲ್ಲಿ ಕೂಡಿರುವಂತೆ ಬರೆದಿದ್ದಾನೆ. ಶುಕನಿಗೆ ಎದುರಿನಲ್ಲಿ ಪರೀಕ್ಷಿತನಿದ್ದಾನೆ. ಈ ಗ್ರಂಥವಾದರೋ ವಂಶದಲ್ಲಿ ಉಳಿದ ಕೊನೆಯವನಿಗೆ, ಎಲ್ಲವೂ ಮುಗಿಯುವ ಹೊತ್ತಿನಲ್ಲಿ ಮಾತ್ರ ಅರ್ಥವಾಗುತ್ತದೆ.

ಇಲ್ಲಿ ಒಂದು ಆಕ್ಷೇಪವೇಳುತ್ತದೆ. ಬಾಳೆತೋಟದ ಕೂಲಿಕಾರರನ್ನು ಸೈನಿಕರು ಗುಂಡಿಕ್ಕಿ ಕೊಂದ ಪ್ರಸಂಗವು ಕಾದಂಬರಿಯಲ್ಲಿದೆ. ೧೯೨೮ರಲ್ಲಿ ಸಿಯೆನಾಗದಲ್ಲಿ ನಡೆದ ಹತ್ಯೆಯೇ ಅದಕ್ಕೆ ಆಧಾರ. ಎಲ್ಲವೂ ಮೊದಲೇ ಲಿಖಿತವಾದರೆ ಕೊಂದವರಿಗೆ ಪಾಪವೆಲ್ಲಿಯದು? ಸಮಾಧಾನವು ಕಥೆಯಲ್ಲಿಯೇ ಇದೆ. ಯಾರೂ ಓದಲಾರದ ಗ್ರಂಥವು ಯಾರಿಗೂ ಆಜ್ಞೆಮಾಡಲಾರದು. ಯಾರೂ ಸಾಯಲಿಲ್ಲವೆಂದು ಸರಕಾರವು ಸಾರುತ್ತದೆ, ಊರು ನಂಬುತ್ತದೆ. ಬದುಕಿಬಂದ ಸಾಕ್ಷಿಯು ಆ ಚರ್ಮಪತ್ರಗಳ ಕೋಣೆಯಲ್ಲಿಯೇ ಅಡಗುತ್ತಾನೆ. ಎದುರಿಗೇ ಕುಳಿತಿದ್ದರೂ ಹುಡುಕಬಂದ ಅಧಿಕಾರಿಯ ಕಣ್ಣಿಗೆ ಬೀಳುವುದಿಲ್ಲ. ಆ ಕೋಣೆಯು ವಿಧಿಯ ಆಸ್ಥಾನವಲ್ಲ, ಊರು ಮರೆತ ಚರಿತ್ರೆಯ ಭಂಡಾರ.

ಕೊನೆಗೆ ಬಿರುಗಾಳಿಗೆ ಸಿಕ್ಕಿ ಊರು, ಓದುಗ, ಗ್ರಂಥ ಎಲ್ಲವೂ ನಾಶವಾಗುತ್ತವೆ. ಆ ಹತ್ಯೆಯು ನಡೆದುದೆಂದು ನಂಬಿದ್ದ ಗೆಳೆಯನೊಬ್ಬನು ಅದಕ್ಕೆ ಮೊದಲೇ ಪ್ಯಾರಿಸಿಗೆ ಹೊರಟುಹೋಗಿರುತ್ತಾನೆ. ಅವನ ಹೆಸರೂ ಗಾಬ್ರಿಯೆಲ್. ಮಾಂತ್ರಿಕ ಗ್ರಂಥವು ಎಲ್ಲವನ್ನೂ ಬಲ್ಲದು, ಯಾವುದನ್ನೂ ಉಳಿಸಲಾರದು. ಚರಿತ್ರೆಯು ಉಳಿದುದು ಊರು ಬಿಟ್ಟರೂ ಮರೆಯದವನಿಂದ.