ಪ್ರೊಸೆಸರ್ ಕೂರುವ ಪೀಠ

ಡೆಸ್ಕ್‌ಟಾಪ್ ಬಿಚ್ಚಿದವರೆಲ್ಲ ಪ್ರೊಸೆಸರನ್ನೇ ಹೊಗಳುತ್ತಾರೆ. ನನ್ನ ಕಣ್ಣು ಹೋಗುವುದು ಅದರ ಕೆಳಗಿನ ಸಾಕೆಟ್ಟಿನತ್ತ. ಇಂಟೆಲ್‌ನ ಎಲ್‌ಜಿಎ 1700 ಸಾಕೆಟ್ಟಿನ ಮುಚ್ಚಳ ಎತ್ತಿ, ಬೋರ್ಡನ್ನು ಬೆಳಕಿಗೆ ಓರೆಯಾಗಿ ಹಿಡಿದು ನೋಡಿ: ಭತ್ತದ ಪೈರಿನಂತೆ ಸಾಲುಸಾಲಾಗಿ ಬಾಗಿದ 1700 ಪಿನ್ನುಗಳು. ಒಂದೊಂದೂ ಪುಟ್ಟ ಸ್ಪ್ರಿಂಗು, ತುದಿಗೆ ಚಿನ್ನದ ಲೇಪ. ಲಿವರ್ ಒತ್ತಿದಾಗ ಚಿಪ್ಪಿನ ಅಡಿಯ ಬಿಲ್ಲೆಗಳು ಅವುಗಳ ಮೇಲೆ ಕೂರುತ್ತವೆ. ಬೆಸುಗೆಯ ಗೊಡವೆಯೇ ಇಲ್ಲ.

ಇಷ್ಟೊಂದು ಪಿನ್ ಯಾಕೆ? ಮಾಹಿತಿ ಸಾಗಿಸಲು ಬೇಕಾದವು ಅದರಲ್ಲಿ ಒಂದು ಪಾಲು ಮಾತ್ರ. ನೂರಾರು ಪಿನ್ನುಗಳು ಬರೀ ವಿದ್ಯುತ್ತಿಗೆ ಮತ್ತು ಗ್ರೌಂಡಿಗೆ ಮೀಸಲು. ಪ್ರೊಸೆಸರ್ ಒಂದು ವೋಲ್ಟಿನ ಆಸುಪಾಸಿನಲ್ಲಿ 100 ವ್ಯಾಟ್ ನುಂಗಿತೆಂದರೆ ಸುಮಾರು 100 ಆಂಪಿಯರ್ ಹರಿಯಬೇಕು. ಕೂದಲೆಳೆಯಂಥ ಒಂದು ಪಿನ್ ಅದನ್ನು ತಾಳೀತೇ? ಅದಕ್ಕೇ ನೂರಾರು ಪಿನ್ನುಗಳು ಆ ಹೊರೆಯನ್ನು ಹಂಚಿಕೊಳ್ಳುತ್ತವೆ. ವೇಗದ ಸಂಕೇತಗಳ ನಡುನಡುವೆ ನಿಂತ ಗ್ರೌಂಡ್ ಪಿನ್ನುಗಳು ಒಂದರ ಸದ್ದು ಇನ್ನೊಂದಕ್ಕೆ ತಾಗದಂತೆ ಕಾಯುತ್ತವೆ.

ಮೊದಲು ಪಿನ್ನುಗಳು ಚಿಪ್ಪಿನಲ್ಲೇ ಇರುತ್ತಿದ್ದವು. ಇಂಟೆಲ್ ತನ್ನ ಡೆಸ್ಕ್‌ಟಾಪ್ ಚಿಪ್ಪುಗಳಿಗೆ 2004ರಲ್ಲಿ ಎಲ್‌ಜಿಎ 775 ತಂದು ಅವನ್ನು ಬೋರ್ಡಿಗೆ ಇಳಿಸಿತು. ಎಎಂಡಿ ತನ್ನ ಸಾಮಾನ್ಯ ಡೆಸ್ಕ್‌ಟಾಪ್ ಚಿಪ್ಪುಗಳಲ್ಲಿ ಎಎಂ4 ಸಾಕೆಟ್ಟಿನವರೆಗೂ ಹಳೇ ಪದ್ಧತಿಯಲ್ಲೇ ಇದ್ದು, 2022ರಲ್ಲಿ 1718 ಪಿನ್ನಿನ ಎಎಂ5ರೊಂದಿಗೆ ದಾರಿ ಬದಲಿಸಿತು. ಚಿಪ್ಪಿನ ಪಿನ್ ಸೊಟ್ಟಗಾದರೆ ಪೆನ್ಸಿಲ್ ತುದಿಯಿಂದ ನೆಟ್ಟಗೆ ಮಾಡಬಹುದಿತ್ತು. ಸಾಕೆಟ್ಟಿನದಾದರೆ ಸೂಜಿ, ಭೂತಗನ್ನಡಿ, ದೇವರ ದಯೆ ಮೂರೂ ಬೇಕು.

ಒಂದು ತಕರಾರೂ ಇದೆ. 2017ರಲ್ಲಿ ಇಂಟೆಲ್ ತನ್ನ ಎಲ್‌ಜಿಎ 1151 ಸಾಕೆಟ್ಟಿನ ಸಂಖ್ಯೆಯನ್ನು ಹಾಗೇ ಇಟ್ಟು, ಖಾಲಿ ಬಿಟ್ಟಿದ್ದ ಕೆಲವು ಪಿನ್ನುಗಳನ್ನು ವಿದ್ಯುತ್ತಿಗೆ ಕೊಟ್ಟಿತು. ಹೊಸ ಚಿಪ್ ಹಳೇ ಬೋರ್ಡಿನಲ್ಲಿ ಸಲೀಸಾಗಿ ಕೂರುತ್ತದೆ, ಆದರೆ ಕಂಪ್ಯೂಟರ್ ಏಳುವುದಿಲ್ಲ.