ಚಂದ್ರಗಿರಿಯ ತೀರದಿಂದ ಬೆಳ್ಳಿತೆರೆಗೆ

ಬೋವಿಕಾನದ ಮಗ್ಗುಲಲ್ಲಿ ಹರಿಯುವ ಪಯಸ್ವಿನಿಯೇ ಮುಂದೆ ಚಂದ್ರಗಿರಿ. ಆ ಹೊಳೆಯ ಹೆಸರನ್ನು ಕನ್ನಡ ನಾಡಿಗೆಲ್ಲ ಪರಿಚಯಿಸಿದವರು ಕಾಸರಗೋಡಿನ ಮಗಳು ಸಾರಾ ಅಬೂಬಕ್ಕರ್. 1980ರ ದಶಕದ ಮೊದಲ ವರ್ಷಗಳಲ್ಲಿ 'ಲಂಕೇಶ್ ಪತ್ರಿಕೆ'ಯ ಮೂಲಕ ಓದುಗರಿಗೆ ದೊರೆತ 'ಚಂದ್ರಗಿರಿಯ ತೀರದಲ್ಲಿ' ಕಾದಂಬರಿ ಅವರಿಗೆ ಕೀರ್ತಿಯನ್ನೂ ಸ್ವಸಮುದಾಯದ ಕೆಲವರ ಕೋಪವನ್ನೂ ಒಟ್ಟಿಗೆ ತಂದಿತು. ಇಂಥ ಕೃತಿಯನ್ನು ಚಲನಚಿತ್ರವಾಗಿಸುವಾಗ ಏನು ಉಳಿಯುತ್ತದೆ, ಏನು ಸೋರಿಹೋಗುತ್ತದೆ ಎಂಬುದು ವಿಚಾರಯೋಗ್ಯ.

ಕಾದಂಬರಿಯಲ್ಲಿ ವಿವಾದಕ್ಕೆ ಕಾರಣವಾದದ್ದು ತಲಾಖಿನ ಪ್ರಸಂಗ. ತಂದೆಯ ಹಟಕ್ಕೆ ಬಲಿಯಾಗಿ ಗಂಡ ರಶೀದನಿಂದ ಅಗಲಿದ ನಾದಿರಾ ಮತ್ತೆ ಅವನನ್ನು ಸೇರಬೇಕಾದರೆ ನಡುವೆ ಇನ್ನೊಬ್ಬನಿಗೆ ಒಂದು ರಾತ್ರಿಯ ಮಟ್ಟಿಗೆ ಹೆಂಡತಿಯಾಗಬೇಕು. ಆದರೆ ಪುಸ್ತಕವನ್ನು ಕೈಯಲ್ಲಿ ಹಿಡಿದು ಓದಿದವರು ಬಲ್ಲರು, ಅದರ ತಿರುಳು ಅಷ್ಟರಲ್ಲೇ ಇಲ್ಲ. ಗಂಡ ಮಹಮ್ಮದ್ ಖಾನನ ಎದುರು ಬಾಯಿ ತೆರೆಯಲಾರದೆ ಸವೆದ ಫಾತಿಮಾಳ ಬಾಳಿನಲ್ಲಿಯೂ ಇದೆ. ಮಗಳ ದುರಂತದ ಬೇರು ತಾಯಿಯ ಮೌನದಲ್ಲಿದೆ. ಬರೆಹ ಆ ಮೌನದ ಒಳಹೊಕ್ಕು ಕುಳಿತುಕೊಳ್ಳಬಲ್ಲದು. ಕ್ಯಾಮೆರಾ ಮುಖವನ್ನಷ್ಟೇ ಕಾಣಬಲ್ಲದು. ಹೀಗಾಗಿ ಚಿತ್ರವಾಗುವಾಗ ವಿವಾದದ ಘಟನೆ ಮುಂದೆ ಬಂದು, ಅದಕ್ಕೆ ಕಾರಣವಾದ ಬಾಳು ಹಿಂದೆ ಸರಿಯುವ ಅಪಾಯ ಸದಾ ಇರುತ್ತದೆ.

ಅನಂತಮೂರ್ತಿಯವರ 'ಸಂಸ್ಕಾರ'ಕ್ಕೂ ಇದೇ ತೊಡಕು ಎದುರಾಗಿತ್ತು. 1965ರ ಆ ಕಾದಂಬರಿಯನ್ನು ಪಟ್ಟಾಭಿರಾಮ ರೆಡ್ಡಿಯವರು 1970ರಲ್ಲಿ ಚಿತ್ರವಾಗಿಸಿದಾಗ ಸೆನ್ಸಾರಿನವರು ಮೊದಲು ತಡೆಯೊಡ್ಡಿದರು. ಬಳಿಕ ಅದೇ ಚಿತ್ರ ಕನ್ನಡಕ್ಕೆ ಮೊದಲ ರಾಷ್ಟ್ರಪತಿ ಸ್ವರ್ಣಪದಕ ತಂದಿತು! ಪ್ರಾಣೇಶಾಚಾರ್ಯರ ಪುಟಗಟ್ಟಲೆ ಆತ್ಮವಿಚಾರವನ್ನು, ಚಿತ್ರಕಥೆ ಬರೆದು ಆ ಪಾತ್ರವನ್ನೂ ವಹಿಸಿದ ಗಿರೀಶ ಕಾರ್ನಾಡರು, ನಡಿಗೆಗೂ ನೋಟಕ್ಕೂ ಇಳಿಸಬೇಕಾಯಿತು. ಸ್ವಲ್ಪ ನಷ್ಟವಾಯಿತು, ನಿಜ. ಆದರೆ ಅದು ಲೇಖಕರ ಒಪ್ಪಿಗೆಯಿಂದ ಆದ ನಷ್ಟ.

ಸಾರಾ ಅವರ ವಿಷಯ ಹಾಗಾಗಲಿಲ್ಲ. ಸುವೀರನ್ ನಿರ್ದೇಶನದ 'ಬ್ಯಾರಿ', ಆ ಭಾಷೆಯ ಮೊದಲ ಚಿತ್ರ, 2011ನೇ ಸಾಲಿನ ಅತ್ಯುತ್ತಮ ಕಥಾಚಿತ್ರ ಪ್ರಶಸ್ತಿಯನ್ನು ಮರಾಠಿಯ 'ದೇವೂಳ್' ಜತೆ ಹಂಚಿಕೊಂಡಿತು. ನಾಯಕಿ ಮಲ್ಲಿಕಾ ಅವರ ಅಭಿನಯಕ್ಕೂ ವಿಶೇಷ ಮನ್ನಣೆ ದೊರೆಯಿತು. ಕಥೆ ತಮ್ಮದೆಂದು ಸಾರಾ ನ್ಯಾಯಾಲಯದ ಮೆಟ್ಟಿಲೇರಿದರು. ಅನುಮತಿಯಿಲ್ಲದೆ ಕಾದಂಬರಿಯನ್ನು ಬಳಸಿಕೊಳ್ಳಲಾಗಿದೆ, ಕೃತಿಸ್ವಾಮ್ಯದ ಉಲ್ಲಂಘನೆಯಾಗಿದೆ ಎಂದು ಜಿಲ್ಲಾ ನ್ಯಾಯಾಲಯ ತೀರ್ಪಿತ್ತಿತು.

ಭಾಷೆಯ ಪ್ರಶ್ನೆಯನ್ನು ಇಲ್ಲಿ ಮರೆಯಲಾಗದು. ಮನೆಯಲ್ಲಿ ಕನ್ನಡವಾಡದ ಜನರ ಕಥೆಯನ್ನು ಸಾರಾ ಕನ್ನಡದಲ್ಲಿ ಹೇಳಿದರು. ಗಡಿನಾಡಿನವರಾದ ನಮಗೆ ಅದು ಅಚ್ಚರಿಯೆನಿಸದು. ಪಾತ್ರಗಳ ಬಾಯಿಗೆ ಬ್ಯಾರಿ ಮಾತು ಬಂದಾಗ ಸಂಭಾಷಣೆಗೆ ಸಹಜತೆ ಬಂದಿರಬಹುದು. ಆದರೆ ಫಾತಿಮಾಳ ಪಕ್ಕದಲ್ಲಿ ಕುಳಿತು ಅವಳ ಪರವಾಗಿ ನುಡಿಯುವ ಲೇಖಕಿಯ ಆ ಸರಳ ಕನ್ನಡಕ್ಕೆ ತೆರೆಯ ಮೇಲೆ ಬದಲಿ ಯಾವುದು? ತನ್ನ ಸಮುದಾಯದ ಮುನಿಸನ್ನು ಒಬ್ಬಳೇ ಎದುರಿಸಿ ಬರೆದ ಹೆಣ್ಣಿನ ಹೆಸರನ್ನು ಬಿಟ್ಟು ಕಥೆಯನ್ನಷ್ಟೇ ಎತ್ತಿಕೊಂಡರೆ, ಆ ಕಥೆ ಯಾರ ಸಾಕ್ಷ್ಯವಾಗಿ ಉಳಿಯುತ್ತದೆ?

2023ರ ಜನವರಿಯಲ್ಲಿ ಸಾರಾ ನಮ್ಮನ್ನಗಲಿದರು. 'ಚಂದ್ರಗಿರಿಯ ತೀರದಲ್ಲಿ' ಕನ್ನಡದಲ್ಲಿಯೇ, ಅವರ ಹೆಸರಿನೊಡನೆ, ಈ ಹೊಳೆಯ ದಂಡೆಯಲ್ಲಿಯೇ ಚಿತ್ರವಾಗಬೇಕೆಂಬ ಆಸೆ ನನ್ನದು. ಅದನ್ನು ಮಾಡಹೊರಡುವವರು ಮೊದಲು ಫಾತಿಮಾಳ ಪಾತ್ರಕ್ಕೆ ಯೋಗ್ಯ ನಟಿಯನ್ನು ಹುಡುಕಲಿ, ನಾದಿರಾಳನ್ನು ಆಮೇಲೆ.